ಹಳೆಯ ಗಣಕ, ಹೊಸ ನಿಸ್ತಂತು: ಕಾರವಾರ–ಅಂಕೋಲಾ ಕರಾವಳಿಯನ್ನು ಮುಂದಿಟ್ಟುಕೊಂಡು ಒಂದು ಚಾರಿತ್ರಿಕ ವಿವೇಚನೆ

ಪೀಠಿಕೆ

ಉತ್ತರ ಕನ್ನಡ ಜಿಲ್ಲೆಯ ಚರಿತ್ರೆಯು ಬಹುಮಟ್ಟಿಗೆ ಸಂಪರ್ಕದ ಚರಿತ್ರೆಯೇ ಆಗಿದೆ. ಪಶ್ಚಿಮಕ್ಕೆ ಅರಬ್ಬೀ ಸಮುದ್ರ, ಪೂರ್ವಕ್ಕೆ ಸಹ್ಯಾದ್ರಿಯ ಘಟ್ಟಸಾಲು, ಇವೆರಡರ ನಡುವೆ ಕಿರಿದಾದ ನೆಲಪಟ್ಟಿ. ಆ ಪಟ್ಟಿಯನ್ನೂ ಕಾಳಿ, ಗಂಗಾವಳಿ, ಅಘನಾಶಿನಿ, ಶರಾವತಿ ನದಿಗಳು ಅಡ್ಡಲಾಗಿ ತುಂಡರಿಸಿವೆ. ಜಿಲ್ಲಾ ಕೇಂದ್ರವಾದ ಕಾರವಾರವು ಕಾಳಿಯ ಅಳಿವೆಯ ಬಳಿಯಲ್ಲಿದ್ದರೆ, ಅದರ ದಕ್ಷಿಣಕ್ಕೆ ಅಂಕೋಲಾ ತಾಲೂಕು ಗಂಗಾವಳಿಯವರೆಗೆ ಹಬ್ಬಿದೆ. 1862ರಲ್ಲಿ ಮದರಾಸು ಪ್ರಾಂತದಿಂದ ಮುಂಬಯಿ ಪ್ರಾಂತಕ್ಕೆ ವರ್ಗಾವಣೆಗೊಂಡ ಈ ಜಿಲ್ಲೆಯು 1956ರ ನವೆಂಬರ್ 1ರಂದು ವಿಶಾಲ ಮೈಸೂರು ರಾಜ್ಯವನ್ನು ಸೇರಿತು. ಆಡಳಿತದ ಕೇಂದ್ರ ಮದರಾಸು, ಮುಂಬಯಿ, ಬೆಂಗಳೂರು ಎಂದು ಬದಲಾದಾಗಲೆಲ್ಲ ಹೊಸ ವ್ಯವಸ್ಥೆಯು ಹಳೆಯ ದಫ್ತರಗಳೊಡನೆ ಹೊಂದಿಕೊಳ್ಳಬೇಕಾಯಿತು. ಹೊಸದು ಬಂದ ಮಾತ್ರಕ್ಕೆ ಹಳೆಯದು ಅಳಿಯಲಿಲ್ಲ; ಎರಡೂ ಕೆಲಕಾಲ ಒಂದೇ ಕೋಣೆಯಲ್ಲಿ ಬಾಳಿದವು.

ಗಣಕಯಂತ್ರದ ಯುಗದಲ್ಲಿಯೂ ಇದೇ ಸ್ಥಿತಿ ಮರುಕಳಿಸಿರುವುದು ಗಮನಾರ್ಹ. ತಂತಿಯಿಲ್ಲದೆ ಅಂತರಜಾಲಕ್ಕೆ ಜೋಡಿಸುವ ವೈ-ಫೈ ಅಡಾಪ್ಟರುಗಳು ವರ್ಷದಿಂದ ವರ್ಷಕ್ಕೆ ಹೊಸದಾಗುತ್ತ ಹೋದವು. ಆದರೆ ಅವುಗಳನ್ನು ಜೋಡಿಸಬೇಕಾದ ಗಣಕಗಳಲ್ಲಿ ವಿಂಡೋಸ್ 98, ವಿಂಡೋಸ್ ಎಕ್ಸ್‌ಪಿ ಮುಂತಾದ ಹಳೆಯ ಕಾರ್ಯಾಚರಣ ವ್ಯವಸ್ಥೆಗಳು ಉಳಿದುಕೊಂಡವು. ಈ ಎರಡನ್ನೂ ಹೊಂದಿಸುವ ಕೆಲಸವು ಮೇಲ್ನೋಟಕ್ಕೆ ತಂತ್ರಜ್ಞರ ಕೈಕೆಲಸವಾಗಿ ಕಂಡರೂ ಅದರ ಹಿಂದೆ ಕಾನೂನು, ಲಿಪಿ ಮತ್ತು ದಾಖಲೆಗಳ ಸಂರಕ್ಷಣೆಯ ಪ್ರಶ್ನೆಗಳು ಅಡಗಿವೆ. ಕಾರವಾರ ಮತ್ತು ಅಂಕೋಲಾಗಳಂತಹ ಕರಾವಳಿ ಪಟ್ಟಣಗಳನ್ನು ಮುಂದಿಟ್ಟುಕೊಂಡು ಈ ಪ್ರಶ್ನೆಗಳನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶವಾಗಿದೆ.

ಪರವಾನಗಿಯ ಕಾಲ

ಭಾರತದಲ್ಲಿ ತಂತಿ ಸಂಪರ್ಕವನ್ನು 1885ರ ಭಾರತೀಯ ಟೆಲಿಗ್ರಾಫ್ ಕಾಯಿದೆಯು ಸರ್ಕಾರದ ಏಕಸ್ವಾಮ್ಯಕ್ಕೆ ಒಳಪಡಿಸಿತು. ನಿಸ್ತಂತು ಉಪಕರಣಗಳ ವಿಷಯದಲ್ಲಿ 1933ರ ಭಾರತೀಯ ವೈರ್‌ಲೆಸ್ ಟೆಲಿಗ್ರಾಫಿ ಕಾಯಿದೆಯು ಒಂದು ಹೆಜ್ಜೆ ಮುಂದೆ ಹೋಗಿ, ಅಂತಹ ಉಪಕರಣವನ್ನು ಪರವಾನಗಿಯಿಲ್ಲದೆ ಇಟ್ಟುಕೊಳ್ಳುವುದನ್ನೇ ಅಪರಾಧವೆಂದು ಪರಿಗಣಿಸಿತು. ಈ ಕಾಯಿದೆ ಬರುವುದಕ್ಕೆ ಮೂರು ವರ್ಷಗಳ ಹಿಂದೆ, 1930ರ ಏಪ್ರಿಲ್ 13ರಂದು, ಅಂಕೋಲೆಯ ಕಡಲತೀರದಲ್ಲಿ ಎಂ.ಪಿ. ನಾಡಕರ್ಣಿಯವರ ನೇತೃತ್ವದಲ್ಲಿ ಉಪ್ಪಿನ ಸತ್ಯಾಗ್ರಹ ನಡೆದಿತ್ತು. ಕಡಲು ಎಲ್ಲರಿಗೂ ಕೊಡುವ ಉಪ್ಪಿನ ಮೇಲೆ ಸರ್ಕಾರದ ಹತೋಟಿ ಇರಬೇಕೆಂಬ ವಸಾಹತು ಧೋರಣೆಯೇ ಆಕಾಶದ ತರಂಗಗಳ ವಿಷಯದಲ್ಲಿಯೂ ಕೆಲಸ ಮಾಡಿತೆನ್ನಬಹುದು. ವ್ಯತ್ಯಾಸವೆಂದರೆ ಉಪ್ಪಿನ ಕಾನೂನನ್ನು ಜನರು ಬೀದಿಗಿಳಿದು ಪ್ರಶ್ನಿಸಿದರು. ತರಂಗಗಳ ಕಾನೂನು ಸ್ವಾತಂತ್ರ್ಯಾನಂತರವೂ ದಶಕಗಳ ಕಾಲ ಸದ್ದಿಲ್ಲದೆ ಮುಂದುವರಿಯಿತು. 1950ರ ಜನವರಿಯಲ್ಲಿ ಆರಂಭವಾದ ಧಾರವಾಡ ಆಕಾಶವಾಣಿಯನ್ನು ಆಲಿಸಲು ರೇಡಿಯೊ ಇಟ್ಟುಕೊಂಡವರೂ ಅಂಚೆ ಕಚೇರಿಯಲ್ಲಿ ಪರವಾನಗಿ ಶುಲ್ಕ ಕಟ್ಟಬೇಕಿತ್ತು. ಶ್ರೋತೃಗಳಿಗೆ ಈ ಹೊರೆ ತಪ್ಪಿದ್ದು 1980ರ ದಶಕದಲ್ಲಿ.

ವೈ-ಫೈ ಬಳಕೆಗೆ ಇದು ನೇರವಾಗಿ ಸಂಬಂಧಿಸಿದ ಸಂಗತಿ. ವೈ-ಫೈಗೆ ಆಧಾರವಾದ 802.11 ಮಾನದಂಡವು 1997ರಲ್ಲಿ ಪ್ರಕಟವಾಯಿತು. ಅದರ ವೇಗ ಸೆಕೆಂಡಿಗೆ 2 ಮೆಗಾಬಿಟ್. 1999ರ ‘ಬಿ’ ಮಾನದಂಡವು ಈ ವೇಗವನ್ನು 11 ಮೆಗಾಬಿಟ್‌ಗೆ ಏರಿಸಿತು. 2003ರಲ್ಲಿ ಇಂಟೆಲ್ ಸಂಸ್ಥೆಯು ಸೆಂಟ್ರಿನೊ ಎಂಬ ಹೆಸರಿನಲ್ಲಿ ಮಡಿಲ ಗಣಕಗಳೊಳಗೇ ವೈ-ಫೈ ಅಳವಡಿಸತೊಡಗಿತು. ಭಾರತದಲ್ಲಾದರೋ 2.4 ಗಿಗಾಹರ್ಟ್ಸ್ ಪಟ್ಟಿಯನ್ನು ಕಟ್ಟಡಗಳ ಒಳಗೂ ಹೊರಗೂ ಪರವಾನಗಿಯಿಲ್ಲದೆ ಬಳಸಬಹುದೆಂಬ ಅಧಿಸೂಚನೆ ಹೊರಟದ್ದು 2005ರ ಜನವರಿಯಲ್ಲಿ. ಪ್ರೇಷಕದ ಗರಿಷ್ಠ ಶಕ್ತಿ 1 ವ್ಯಾಟ್, ಆಂಟೆನಾದಿಂದ ಹೊರಡುವ ವಿಕಿರಣ 4 ವ್ಯಾಟ್ ಎಂಬ ಮಿತಿಗಳನ್ನು ಅದು ವಿಧಿಸಿತು. ಬಿ.ಎಸ್.ಎನ್.ಎಲ್. ಬ್ರಾಡ್‌ಬ್ಯಾಂಡ್ ಸೇವೆಯೂ ಅದೇ ತಿಂಗಳಿನಲ್ಲಿ ಆರಂಭವಾಯಿತು. 5 ಗಿಗಾಹರ್ಟ್ಸ್ ಪಟ್ಟಿಯ 605 ಮೆಗಾಹರ್ಟ್ಸ್ ಅಗಲವನ್ನು ಮುಕ್ತಗೊಳಿಸಿದ್ದು 2018ರ ಅಕ್ಟೋಬರ್‌ನಲ್ಲಿ. ಅಂದರೆ ಜಿಲ್ಲಾ ಪಟ್ಟಣಗಳ ಮನೆ–ಅಂಗಡಿಗಳಿಗೆ ವೈ-ಫೈ ಮುಕ್ತವಾಗಿ ಕಾಲಿಡುವ ವೇಳೆಗೆ ವಿಂಡೋಸ್ 98ರ ಗಣಕಗಳು ಆಗಲೇ ಏಳು ವರ್ಷ ಹಳೆಯವಾಗಿದ್ದವು. ಹಳೆಯ ಗಣಕಕ್ಕೆ ಹೊಸ ಅಡಾಪ್ಟರ್ ಜೋಡಿಸುವ ತೊಡಕಿಗೆ ನಮ್ಮಲ್ಲಿ ಕಾನೂನಿನ ಈ ವಿಳಂಬವೂ ಒಂದು ಕಾರಣವೆಂಬುದನ್ನು ಮರೆಯುವಂತಿಲ್ಲ.

ಕಚೇರಿಯ ಗಣಕಗಳು ಮತ್ತು ಕನ್ನಡದ ಅಕ್ಷರಗಳು

ಜಿಲ್ಲಾ ಕೇಂದ್ರಗಳ ಗಣಕಗಳು ನಿಸ್ತಂತು ಸಂಪರ್ಕವನ್ನು ಮೊದಲು ಕಂಡದ್ದು ವೈ-ಫೈಯಿಂದಲ್ಲ. 1976ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಮಾಹಿತಿ ಕೇಂದ್ರವು 1980ರ ದಶಕದ ಕೊನೆಯಲ್ಲಿ ದೇಶದ ಜಿಲ್ಲಾಧಿಕಾರಿಗಳ ಕಚೇರಿಗಳನ್ನು ಉಪಗ್ರಹದ ಮೂಲಕ ಜೋಡಿಸುವ ನಿಕ್‌ನೆಟ್ ಜಾಲವನ್ನು ಕಟ್ಟಿತು. ಚಿಕ್ಕ ಭೂಕೇಂದ್ರವೊಂದರ ನೆರವಿನಿಂದ ಕಚೇರಿಯ ಗಣಕವು ದೆಹಲಿಯೊಡನೆ ಮಾತನಾಡುವ ಈ ಏರ್ಪಾಡು ಆ ಕಾಲಕ್ಕೆ ಅಪೂರ್ವವಾದದ್ದು. ಸಾರ್ವಜನಿಕರಿಗೆ ಅಂತರಜಾಲ ದೊರೆತದ್ದು ಇದಾದ ಹಲವು ವರ್ಷಗಳ ನಂತರ, 1995ರ ಆಗಸ್ಟ್ 15ರಂದು, ದೂರವಾಣಿ ತಂತಿ ಮತ್ತು ಮೋಡೆಮ್ ಮೂಲಕ.

ತಾಲೂಕು ಮಟ್ಟದಲ್ಲಿ ಗಣಕವು ರೈತನ ಬದುಕಿಗೆ ತಟ್ಟಿದ್ದು ‘ಭೂಮಿ’ ಯೋಜನೆಯಿಂದ. ಮುಂಬಯಿ ಕರ್ನಾಟಕದ ಭಾಗಗಳಲ್ಲಿ ಉತಾರವೆಂದು ಹೆಸರಾದ ಪಹಣಿ ಪತ್ರಿಕೆಯನ್ನು ಗ್ರಾಮಲೆಕ್ಕಿಗರ ಕೈಬರಹದಿಂದ ಬಿಡಿಸಿ ಗಣಕಕ್ಕೆ ಏರಿಸಿದ ಈ ಯೋಜನೆಯು 2000ದಿಂದ 2002ರ ಅವಧಿಯಲ್ಲಿ ರಾಜ್ಯದ 177 ತಾಲೂಕುಗಳನ್ನು ವ್ಯಾಪಿಸಿತು. ಸುಮಾರು 67 ಲಕ್ಷ ರೈತರಿಗೆ ಸೇರಿದ 2 ಕೋಟಿಯಷ್ಟು ಪಹಣಿಗಳು ಗಣಕೀಕೃತಗೊಂಡವು. 15 ರೂಪಾಯಿ ಶುಲ್ಕಕ್ಕೆ ತಾಲೂಕು ಕಚೇರಿಯ ಕಿಂಡಿಯಲ್ಲಿ ಮುದ್ರಿತ ಪ್ರತಿ ದೊರೆಯತೊಡಗಿತು. ಕಾರವಾರ, ಅಂಕೋಲಾ ತಾಲೂಕುಗಳೂ ಈ ವ್ಯಾಪ್ತಿಯಲ್ಲಿ ಸೇರಿದ್ದವು.

ಇದೇ ಕಾಲಘಟ್ಟದಲ್ಲಿ ಕನ್ನಡದ ಅಕ್ಷರಗಳು ಗಣಕದಲ್ಲಿ ನೆಲೆಗೊಂಡ ಬಗೆಯನ್ನು ಪ್ರತ್ಯೇಕವಾಗಿ ಗಮನಿಸಬೇಕು. ಯೂನಿಕೋಡ್ ಸಂಕೇತ ವ್ಯವಸ್ಥೆಯಲ್ಲಿ 1991ರಲ್ಲಿಯೇ ಕನ್ನಡಕ್ಕೆ ಸ್ಥಾನ ದೊರೆತಿದ್ದರೂ ವಿಂಡೋಸ್ 98 ವ್ಯವಸ್ಥೆಯು ಅದನ್ನು ಕನ್ನಡದ ಕಾಗುಣಿತ–ಒತ್ತಕ್ಷರಗಳೊಡನೆ ಜೋಡಿಸಿ ತೋರಿಸಲು ಶಕ್ತವಾಗಿರಲಿಲ್ಲ. ಆದ್ದರಿಂದ ಬರಹ, ನುಡಿ, ಶ್ರೀಲಿಪಿ ಮೊದಲಾದ ತಂತ್ರಾಂಶಗಳು ಅಕ್ಷರಗಳನ್ನು ತುಣುಕುಗಳಾಗಿ ಒಡೆದು, ಇಂಗ್ಲಿಷ್ ಅಕ್ಷರಗಳಿಗೆ ಮೀಸಲಾದ ಸಂಕೇತಗಳ ಜಾಗದಲ್ಲಿ ಕೂರಿಸಿ ಕನ್ನಡವನ್ನು ಮೂಡಿಸಿದವು. ಶೇಷಾದ್ರಿವಾಸು ಅವರ ‘ಬರಹ’ 1998ರಲ್ಲಿ ಬಂದಿತು. ಕನ್ನಡ ಗಣಕ ಪರಿಷತ್ತಿನ ‘ನುಡಿ’ಯು ಕೆ.ಪಿ. ರಾವ್ ಅವರ ಕೀಲಿಮಣೆ ವಿನ್ಯಾಸವನ್ನು ಆಧರಿಸಿ ಸರ್ಕಾರಿ ಕಚೇರಿಗಳಲ್ಲಿ ನೆಲೆಯೂರಿತು. ಕನ್ನಡವನ್ನು ವ್ಯವಸ್ಥೆಯ ಒಳಗಿನಿಂದಲೇ ಬೆಂಬಲಿಸಿದ ಮೊದಲ ವಿಂಡೋಸ್ 2001ರ ಎಕ್ಸ್‌ಪಿ; ಅದರೊಡನೆ ‘ತುಂಗಾ’ ಎಂಬ ಅಕ್ಷರಶೈಲಿಯೂ ಬಂದಿತು. ಅಷ್ಟರಲ್ಲಿ ಮುದ್ರಣಾಲಯಗಳೆಲ್ಲ ಪೇಜ್‌ಮೇಕರ್ ತಂತ್ರಾಂಶಕ್ಕೆ ಒಗ್ಗಿಹೋಗಿದ್ದವು. ಪೇಜ್‌ಮೇಕರಿನ ಕೊನೆಯ ಮುಖ್ಯ ಆವೃತ್ತಿ 2001ರದ್ದು. ಅದಕ್ಕೆ ಯೂನಿಕೋಡ್ ತಿಳಿಯದು. ಹೀಗಾಗಿ ಕನ್ನಡದ ಪುಸ್ತಕಗಳು, ಸಂಘ–ಸಂಸ್ಥೆಗಳ ಸ್ಮರಣ ಸಂಚಿಕೆಗಳು, ಸಂಶೋಧನ ಪ್ರಬಂಧಗಳು ಎರಡು ದಶಕಗಳ ಕಾಲ ಹಳೆಯ ಅಕ್ಷರಶೈಲಿಗಳಲ್ಲಿಯೇ ಕಡತಗಳಾಗಿ ಸಂಗ್ರಹಗೊಂಡವು.

ಹಳೆಯ ಗಣಕವನ್ನು ಕನ್ನಡಿಗರು ಬಿಸಾಡದೆ ಉಳಿಸಿಕೊಂಡದ್ದಕ್ಕೆ ಬಡತನವೊಂದೇ ಕಾರಣವಲ್ಲವೆಂಬುದು ಇದರಿಂದ ಸ್ಪಷ್ಟವಾಗುತ್ತದೆ. ಆ ಕಡತ ತೆರೆಯುವುದು ಆ ತಂತ್ರಾಂಶದಲ್ಲಿ. ಆ ತಂತ್ರಾಂಶ ನಡೆಯುವುದು ಆ ಕಾರ್ಯಾಚರಣ ವ್ಯವಸ್ಥೆಯಲ್ಲಿ. ಆ ವ್ಯವಸ್ಥೆ ಒಗ್ಗುವುದು ಆ ಯಂತ್ರಕ್ಕೆ. ಈ ಸರಪಳಿಯ ಕೊನೆಯ ಕೊಂಡಿಯಾಗಿ ಹೊರಜಗತ್ತಿನ ಸಂಪರ್ಕಕ್ಕೆಂದು ಹೊಸ ನಿಸ್ತಂತು ಅಡಾಪ್ಟರನ್ನು ಜೋಡಿಸಹೊರಟಾಗ ಸಮಸ್ಯೆ ಎದುರಾಯಿತು.

ದುಭಾಷಿಯ ಸಮಸ್ಯೆ

ಕನ್ನಡ, ಕೊಂಕಣಿ, ಮರಾಠಿಗಳು ಕೂಡುವ ಕಾರವಾರದಂತಹ ಬಂದರಿನಲ್ಲಿ ದುಭಾಷಿಯ ಮಹತ್ವವನ್ನು ಬಿಡಿಸಿ ಹೇಳಬೇಕಾಗಿಲ್ಲ. ಗಣಕದಲ್ಲಿ ಆ ಕೆಲಸ ಮಾಡುವ ತಂತ್ರಾಂಶಕ್ಕೆ ಡ್ರೈವರ್ ಎಂದು ಹೆಸರು. ಅಡಾಪ್ಟರಿನ ಒಳಗಿನ ಚಿಪ್ಪಿನ ಭಾಷೆಯನ್ನು ಕಾರ್ಯಾಚರಣ ವ್ಯವಸ್ಥೆಗೂ ವ್ಯವಸ್ಥೆಯ ಆಜ್ಞೆಯನ್ನು ಚಿಪ್ಪಿಗೂ ಅದು ತಿಳಿಸುತ್ತದೆ. ದುಭಾಷಿಗೆ ಎರಡೂ ಭಾಷೆಗಳು ಗೊತ್ತಿರಬೇಕು. ಒಂದು ಬದಲಾದರೂ ಮಾತುಕತೆ ನಿಲ್ಲುತ್ತದೆ.

ವಿಂಡೋಸ್ ವ್ಯವಸ್ಥೆಯಲ್ಲಿ ಜಾಲದ ಉಪಕರಣಗಳಿಗೆ ಮೈಕ್ರೋಸಾಫ್ಟ್ ಮತ್ತು ತ್ರೀಕಾಮ್ ಸಂಸ್ಥೆಗಳು ಸೇರಿ ರೂಪಿಸಿದ ಎನ್‌ಡಿಐಎಸ್ ಎಂಬ ಸಾಮಾನ್ಯ ಒಡಂಬಡಿಕೆಯಿದೆ. ವಿಂಡೋಸ್ 2000 ಮತ್ತು ವಿಂಡೋಸ್ 98ರ ಎರಡನೆಯ ಆವೃತ್ತಿಗಳಲ್ಲಿ ಅದರ 5.0, ಎಕ್ಸ್‌ಪಿಯಲ್ಲಿ 5.1, ಮುಂದಿನ ವಿಸ್ಟಾದಲ್ಲಿ 6.0 ಜಾರಿಯಲ್ಲಿದ್ದವು. 6.0ಕ್ಕೆ ಬರೆದ ಡ್ರೈವರ್ ಎಕ್ಸ್‌ಪಿಯಲ್ಲಿ ನಡೆಯದು. ತಯಾರಕರು ಎಕ್ಸ್‌ಪಿಗೆ ಡ್ರೈವರ್ ಬರೆಯುವುದನ್ನು ನಿಲ್ಲಿಸಿದ ಮೇಲೆ ಮಾರುಕಟ್ಟೆಯ ಹೊಸ ಅಡಾಪ್ಟರ್ ಎಷ್ಟು ಉತ್ತಮವಾಗಿದ್ದರೂ ಹಳೆಯ ಗಣಕಕ್ಕೆ ಅದು ಮೂಕವಸ್ತುವೇ ಸರಿ. ವಿಂಡೋಸ್ 98ರಲ್ಲಂತೂ ಯುಎಸ್‌ಬಿ ಪೆನ್‌ಡ್ರೈವ್‌ಗೂ ಪ್ರತ್ಯೇಕ ಡ್ರೈವರ್ ಬೇಕಾಗುತ್ತಿತ್ತು.

ಯಂತ್ರಾಂಶದ ತೊಡಕುಗಳೂ ಇವೆ. ಹಳೆಯ ಗಣಕದ ಯುಎಸ್‌ಬಿ 1.1 ಕಿಂಡಿಯ ಗರಿಷ್ಠ ವೇಗ ಸೆಕೆಂಡಿಗೆ 12 ಮೆಗಾಬಿಟ್. 2000ದಲ್ಲಿ ಬಂದ ಯುಎಸ್‌ಬಿ 2.0ರದ್ದು 480. ಮಡಿಲ ಗಣಕಗಳಲ್ಲಿ 16 ಬಿಟ್ಟಿನ ಪಿಸಿ ಕಾರ್ಡ್ ಕಿಂಡಿಗೆ 32 ಬಿಟ್ಟಿನ ಕಾರ್ಡ್‌ಬಸ್ ಪೂರ್ತಿಯಾಗಿ ಕೂರದಂತೆ ಅಂಚಿನಲ್ಲಿ ತಡೆಯನ್ನು ಇಡಲಾಗಿದೆ. ಇವೆಲ್ಲಕ್ಕಿಂತ ದಾರಿತಪ್ಪಿಸುವ ಸಂಗತಿಯೆಂದರೆ ಹೆಸರು. ಒಂದೇ ಹೆಸರಿನ, ಒಂದೇ ಮಾದರಿ ಸಂಖ್ಯೆಯ ಅಡಾಪ್ಟರನ್ನು ತಯಾರಕರು ಪರಿಷ್ಕರಿಸಿದಾಗ ಒಳಗಿನ ಚಿಪ್ಪು ಬದಲಾಗಿರುವುದುಂಟು. ಪೆಟ್ಟಿಗೆಯ ಮೇಲಿನ ಹೆಸರಿಗಿಂತ ಚಿಪ್ಪಿನ ಗುರುತು ಮುಖ್ಯ. ಯುಎಸ್‌ಬಿ ಉಪಕರಣಗಳಲ್ಲಿ ತಯಾರಕ ಮತ್ತು ಉತ್ಪನ್ನಗಳನ್ನು ಸೂಚಿಸುವ ಎರಡು ಸಂಕೇತ ಸಂಖ್ಯೆಗಳಿರುತ್ತವೆ. ಶಾಸನದ ಲಿಪಿಯನ್ನು ನೋಡಿ ಕಾಲ ನಿರ್ಣಯಿಸುವಂತೆ ತಂತ್ರಜ್ಞರು ಅವುಗಳಿಂದ ಚಿಪ್ಪನ್ನು ಗುರುತಿಸುತ್ತಾರೆ.

ಬೀಗ ಮತ್ತು ಕೀಲಿ

ಡ್ರೈವರ್ ದೊರೆತರೂ ಕೆಲಸ ಮುಗಿಯಲಿಲ್ಲ. ತರಂಗವು ಗೋಡೆಯಾಚೆಗೂ ಹರಡುವುದರಿಂದ ನಿಸ್ತಂತು ಜಾಲಕ್ಕೆ ಬೀಗ ಅನಿವಾರ್ಯ. ಆರಂಭದ ಡಬ್ಲ್ಯುಇಪಿ ಎಂಬ ಬೀಗದ ದೌರ್ಬಲ್ಯವನ್ನು 2001ರಲ್ಲಿ ಫ್ಲೂರರ್, ಮಾಂಟಿನ್ ಮತ್ತು ಶಮೀರ್ ಎಂಬ ಮೂವರು ವಿದ್ವಾಂಸರು ಬಯಲುಮಾಡಿದರು. 2003ರಲ್ಲಿ ತಾತ್ಕಾಲಿಕ ಪರಿಹಾರವಾಗಿ ಡಬ್ಲ್ಯುಪಿಎ, 2004ರಲ್ಲಿ ಅದರ ಎರಡನೆಯ ರೂಪ, 2018ರಲ್ಲಿ ಮೂರನೆಯ ರೂಪ ಬಂದವು. 2006ರ ಮಾರ್ಚ್‌ನಿಂದ ವೈ-ಫೈ ಮುದ್ರೆ ಪಡೆಯುವ ಉಪಕರಣಗಳಿಗೆ ಎರಡನೆಯ ರೂಪ ಕಡ್ಡಾಯವಾಯಿತು.

ವಿಂಡೋಸ್ 98 ವ್ಯವಸ್ಥೆಗೆ ಡಬ್ಲ್ಯುಪಿಎ ಬೆಂಬಲವನ್ನು ಮೈಕ್ರೋಸಾಫ್ಟ್ ಒದಗಿಸಲೇ ಇಲ್ಲ. ಅಡಾಪ್ಟರ್ ತಯಾರಕರ ಸಹಾಯಕ ತಂತ್ರಾಂಶಗಳು, ಫಂಕ್ ಸಂಸ್ಥೆಯ ‘ಒಡಿಸ್ಸಿ’ಯಂತಹ ಹೊರಗಿನ ತಂತ್ರಾಂಶಗಳು ಆ ಕೊರತೆಯನ್ನು ತುಂಬಿದವು. ಎಕ್ಸ್‌ಪಿಗೆ 2004ರ ಎರಡನೆಯ ಸೇವಾಕಂತಿನಲ್ಲಿ ಮೊದಲ ರೂಪವೂ 2005ರ ಪರಿಷ್ಕರಣದಿಂದ ಎರಡನೆಯ ರೂಪವೂ ಲಭಿಸಿದವು. 2008ರ ಮೂರನೆಯ ಸೇವಾಕಂತು ಎಲ್ಲವನ್ನೂ ಒಟ್ಟುಗೂಡಿಸಿತು. ಆದ್ದರಿಂದ ಎಕ್ಸ್‌ಪಿ ಗಣಕವು ಜಾಲವನ್ನು ಕಂಡೂ ಸೇರಲಾಗದಿದ್ದರೆ ತಂತ್ರಜ್ಞರು ಮೊದಲು ಪರಿಶೀಲಿಸುವುದು ಯಾವ ಸೇವಾಕಂತು ಅದರಲ್ಲಿದೆ ಎಂಬುದನ್ನು. ಮೂರನೆಯ ರೂಪವನ್ನು ಮಾತ್ರ ಒಪ್ಪುವಂತೆ ಹೊಂದಿಸಿದ ರೂಟರಿಗೆ ಎಕ್ಸ್‌ಪಿಯ ಪ್ರವೇಶವಿಲ್ಲ. 5 ಗಿಗಾಹರ್ಟ್ಸ್ ಪಟ್ಟಿಯಲ್ಲಿ ಮಾತ್ರ ನಡೆಯುವ ಜಾಲವು 2.4ರ ಹಳೆಯ ಅಡಾಪ್ಟರಿಗೆ ಕಾಣಿಸುವುದೇ ಇಲ್ಲ.

ಸೇತುವೆಯ ಮಾರ್ಗಗಳು

ಈ ತೊಡಕುಗಳನ್ನು ದಾಟಲು ಕಳೆದ ಎರಡೂವರೆ ದಶಕಗಳಲ್ಲಿ ರೂಪುಗೊಂಡ ಮಾರ್ಗಗಳನ್ನು ನಾಲ್ಕು ಬಗೆಯಾಗಿ ವಿಂಗಡಿಸಬಹುದು.

ಮೊದಲನೆಯದು, ಸಂಧಿಕಾಲದ ಉಪಕರಣವನ್ನು ಹುಡುಕುವುದು. ಹಳೆಯ ವ್ಯವಸ್ಥೆಗೂ ಡ್ರೈವರ್ ಇದ್ದು, ಎರಡನೆಯ ರೂಪದ ಬೀಗವನ್ನೂ ತೆರೆಯಬಲ್ಲ ಅಡಾಪ್ಟರುಗಳು 2004–2010ರ ನಡುವೆ ತಯಾರಾದವು. ರಾಲಿಂಕ್, ರಿಯಲ್‌ಟೆಕ್, ಅಥೆರಾಸ್ ಸಂಸ್ಥೆಗಳ ಆ ಕಾಲದ ಚಿಪ್ಪುಗಳಿಗೆ ಈ ಕಾರಣದಿಂದ ಬೇಡಿಕೆ ಉಳಿಯಿತು. ಇವು ಹೊಸ ಅಡಾಪ್ಟರುಗಳಲ್ಲದಿದ್ದರೂ ಹಳೆಯ ಗಣಕದ ದೃಷ್ಟಿಯಿಂದ ಕೊನೆಯ ಹೊಸಬರು.

ಎರಡನೆಯದು, ದುಭಾಷಿಯನ್ನೇ ಎರವಲು ಪಡೆಯುವುದು. ಲಿನಕ್ಸ್ ವ್ಯವಸ್ಥೆಗೆ ತಯಾರಕರು ಡ್ರೈವರ್ ಕೊಡದಿದ್ದ ಕಾಲದಲ್ಲಿ ‘ಎನ್‌ಡಿಐಎಸ್ ರ‍್ಯಾಪರ್’ ಎಂಬ ತಂತ್ರಾಂಶವು ವಿಂಡೋಸ್ ಎಕ್ಸ್‌ಪಿಯ ಡ್ರೈವರನ್ನೇ ಲಿನಕ್ಸ್‌ನೊಳಗೆ ನಡೆಸಿತು. ಒಂದು ವ್ಯವಸ್ಥೆಗೆ ಬರೆದ ದುಭಾಷಿಯು ಇನ್ನೊಂದು ವ್ಯವಸ್ಥೆಯಲ್ಲಿ ತಾನು ತನ್ನ ಊರಿನಲ್ಲಿಯೇ ಇರುವೆನೆಂದು ಭಾವಿಸಿ ದುಡಿಯುವ ಈ ಏರ್ಪಾಡು ತಂತ್ರಜ್ಞಾನದ ಚರಿತ್ರೆಯಲ್ಲಿ ಅಪರೂಪದ್ದು. ಮುಂದೆ ಲಿನಕ್ಸಿನ ಸ್ವಂತ ಡ್ರೈವರುಗಳು ಬೆಳೆದಂತೆ ಅದರ ಅಗತ್ಯ ಕುಗ್ಗಿತು.

ಮೂರನೆಯದು, ಯಂತ್ರವನ್ನು ಉಳಿಸಿ ವ್ಯವಸ್ಥೆಯನ್ನು ಬದಲಿಸುವುದು. ಹಳೆಯ ಗಣಕದಲ್ಲಿ ಹಗುರವಾದ ಲಿನಕ್ಸ್ ಹಾಕಿದಾಗ ಡ್ರೈವರ್ ಮತ್ತು ಬೀಗ ಎರಡೂ ಒಟ್ಟಿಗೆ ದೊರೆಯುತ್ತವೆ. ಬೆಂಗಳೂರಿನ ಸುದರ್ಶನ ಬಡಾವಣೆಯಲ್ಲಿ ಸ್ವಯಂಸೇವಕರು ರೂಪಿಸಿದ ಅಂಬೇಡ್ಕರ್ ಸಮುದಾಯ ಗಣಕ ಕೇಂದ್ರವು ದಾನವಾಗಿ ಬಂದ ಗಣಕಗಳನ್ನು ಮುಕ್ತ ತಂತ್ರಾಂಶದ ನೆರವಿನಿಂದ ಮಕ್ಕಳ ಕಲಿಕೆಗೆ ಒದಗಿಸಿತು. ತುಮಕೂರು ಜಿಲ್ಲೆಯ ದುರ್ಗದಹಳ್ಳಿಯಲ್ಲಿ ಜನಸ್ತು ಸಂಸ್ಥೆಯು ವೈ-ಫೈ ಉಪಕರಣಗಳಿಂದ ಸಮುದಾಯ ಜಾಲವನ್ನು ಕಟ್ಟಿತು. ಆದರೆ ಈ ಮಾರ್ಗಕ್ಕೂ ಕೊನೆಯಿದೆ. 2023–24ರಲ್ಲಿ ಲಿನಕ್ಸ್ ತಿರುಳಿನಿಂದ ಹಲವು ಅತಿ ಹಳೆಯ ವೈ-ಫೈ ಡ್ರೈವರುಗಳನ್ನು ತೆಗೆದುಹಾಕಲಾಯಿತು. 2025ರ ಆಗಸ್ಟ್‌ನಲ್ಲಿ ಹೊರಬಂದ ಡೆಬಿಯನ್ 13ರಲ್ಲಿ 32 ಬಿಟ್ ಗಣಕಗಳಿಗೆ ಅನುಸ್ಥಾಪನಾ ಸೌಲಭ್ಯವಿಲ್ಲ. ಅಲ್ಲದೆ ವ್ಯವಸ್ಥೆಯನ್ನೇ ಬದಲಿಸಿದರೆ ಪೇಜ್‌ಮೇಕರಿನ ಕಡತಗಳು ಮತ್ತೆ ಅನಾಥವಾಗುತ್ತವೆ.

ನಾಲ್ಕನೆಯದು, ನಿಸ್ತಂತುವಿನ ಹೊರೆಯನ್ನು ಗಣಕದ ಹೊರಗಿಡುವುದು. ಹಳೆಯ ಗಣಕದ ಈಥರ್‌ನೆಟ್ ಕಿಂಡಿಗೆ ಒಂದು ಚಿಕ್ಕ ರೂಟರನ್ನು ತಂತಿಯಿಂದ ಜೋಡಿಸಿ, ಆ ರೂಟರೇ ವೈ-ಫೈ ಜಾಲದೊಡನೆ ವ್ಯವಹರಿಸುವಂತೆ ಹೊಂದಿಸಲಾಗುತ್ತದೆ. ಗಣಕಕ್ಕೆ ತಾನು ತಂತಿಯ ಜಾಲದಲ್ಲಿರುವೆನೆಂಬುದಷ್ಟೇ ಗೊತ್ತು. ಬೀಗ, ತರಂಗ, ಹೊಸ ಮಾನದಂಡಗಳೆಲ್ಲ ರೂಟರಿನ ಪಾಲಿಗೆ. 2002ರ ಕೊನೆಯಲ್ಲಿ ಬಂದ ಲಿಂಕ್‌ಸಿಸ್ ಸಂಸ್ಥೆಯ ಡಬ್ಲ್ಯುಆರ್‌ಟಿ 54ಜಿ ರೂಟರಿನ ಒಳಗಿದ್ದ ಲಿನಕ್ಸ್ ಮೂಲಸಂಕೇತವು 2003ರಲ್ಲಿ ಬಹಿರಂಗವಾದದ್ದು, 2004ರಲ್ಲಿ ‘ಓಪನ್‌ಡಬ್ಲ್ಯುಆರ್‌ಟಿ’ ಯೋಜನೆ ಹುಟ್ಟಿದ್ದು ಈ ಮಾರ್ಗವನ್ನು ಸುಗಮಗೊಳಿಸಿದವು. 2005ರಿಂದ ಧರ್ಮಶಾಲೆಯ ಬೆಟ್ಟಗಳಲ್ಲಿ ಬೆಳೆದ ಏರ್‌ಜಾಲ್ದಿ ಜಾಲವೂ ಇಂತಹ ರೂಟರುಗಳನ್ನೇ ಬಳಸಿಕೊಂಡಿತು. ಈಥರ್‌ನೆಟ್ಟೂ ಇಲ್ಲದ ಇನ್ನಷ್ಟು ಹಳೆಯ ಗಣಕಗಳಿಗೆ 2014ರಲ್ಲಿ ಬಂದ ಇಎಸ್‌ಪಿ 8266 ಎಂಬ ಅಗ್ಗದ ಚಿಪ್ಪು ನೆರವಾಯಿತು. ಇದನ್ನು ಸೀರಿಯಲ್ ಕಿಂಡಿಗೆ ಜೋಡಿಸಿದರೆ 1981ರ ಹೇಯ್ಸ್ ಮೋಡೆಮಿನಂತೆ ನಟಿಸಬಲ್ಲದು. ದೂರವಾಣಿ ಸಂಖ್ಯೆಯ ಬದಲಿಗೆ ಜಾಲದ ವಿಳಾಸವನ್ನು ಕೊಟ್ಟರೆ ವೈ-ಫೈ ಮೂಲಕ ಅಲ್ಲಿಗೆ ಸಂಪರ್ಕ ಕಲ್ಪಿಸುತ್ತದೆ.

ಈ ನಾಲ್ಕರಲ್ಲಿ ಕೊನೆಯ ಮಾರ್ಗವೇ ಹೆಚ್ಚು ಬಾಳಿಕೆಯದ್ದೆಂದು ಹೇಳಲು ಕಾರಣವಿದೆ. ಮಾನದಂಡ ಬದಲಾದಾಗ ರೂಟರನ್ನಷ್ಟೇ ಬದಲಿಸಿದರೆ ಸಾಕು; ಹಳೆಯ ಗಣಕದ ಕೂದಲೂ ಕೊಂಕುವುದಿಲ್ಲ. 1980ರ ದಶಕದಿಂದ ಬಂದ ಈಥರ್‌ನೆಟ್ ಮಾನದಂಡವು ಹಳತು–ಹೊಸತುಗಳೆರಡಕ್ಕೂ ಇಂದಿಗೂ ಸಾಮಾನ್ಯ ಭಾಷೆಯಾಗಿ ಉಳಿದಿದೆ.

ಕರಾವಳಿಯ ವಿಶೇಷಗಳು

ಕಾರವಾರ–ಅಂಕೋಲಾ ಪ್ರದೇಶದ ಪರಿಸರವು ಈ ಕೆಲಸಕ್ಕೆ ತನ್ನದೇ ಆದ ನಿಬಂಧನೆಗಳನ್ನು ಒಡ್ಡುತ್ತದೆ. ಇಲ್ಲಿ ವರ್ಷಕ್ಕೆ 3000 ಮಿಲಿಮೀಟರಿನ ಆಸುಪಾಸು ಮಳೆ ಬೀಳುತ್ತದೆ. ಅದರ ಬಹುಭಾಗ ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ನಾಲ್ಕು ತಿಂಗಳಲ್ಲಿ. 2.4 ಗಿಗಾಹರ್ಟ್ಸ್ ತರಂಗವನ್ನು ಮಳೆಹನಿ ಅಷ್ಟಾಗಿ ಬಾಧಿಸುವುದಿಲ್ಲ. ಆದರೆ ನೆನೆದ ಎಲೆಗಳು ಅದನ್ನು ಹೀರುತ್ತವೆ. ತೆಂಗು, ಗೇರು, ಮಾವುಗಳ ನಡುವಿನ ಮನೆಯಿಂದ ಮನೆಗೆ ಬೇಸಿಗೆಯಲ್ಲಿ ತಲಪುತ್ತಿದ್ದ ತರಂಗವು ಮಳೆಗಾಲದಲ್ಲಿ ಕ್ಷೀಣಿಸಬಹುದು. ದಪ್ಪ ಚಿರೇಕಲ್ಲಿನ ಗೋಡೆಯೂ ತಡೆಯೇ, ನೀರು ಕುಡಿದಾಗ ಇನ್ನಷ್ಟು. 5 ಗಿಗಾಹರ್ಟ್ಸ್ ತರಂಗಕ್ಕೆ ಈ ತಡೆಗಳು ಮತ್ತೂ ಹೆಚ್ಚು. ಆದ್ದರಿಂದ ಹಳೆಯ ಅಡಾಪ್ಟರಿನ 2.4ರ ಪಟ್ಟಿಯು ಇಲ್ಲಿ ಕೇವಲ ಹಳತಲ್ಲ, ಕೆಲವೆಡೆ ಹೆಚ್ಚು ಉಪಯುಕ್ತವೂ ಹೌದು.

ಉಪ್ಪುಗಾಳಿಯು ಗಣಕದ ಒಳಗಿನ ಲೋಹದ ಸ್ಪರ್ಶಬಿಂದುಗಳನ್ನು ಕಿಲುಬು ಹಿಡಿಸುತ್ತದೆ. ಡ್ರೈವರಿನ ದೋಷವೆಂದು ತೋರಿದ್ದು ಎಷ್ಟೋ ಸಲ ಕಾರ್ಡಿನ ಅಂಚಿಗೆ ಹಿಡಿದ ಕಿಲುಬಾಗಿರುವುದುಂಟು. ಇನ್ನೊಂದು ಸಣ್ಣ ಸಂಗತಿಯನ್ನೂ ಉಲ್ಲೇಖಿಸಬೇಕು. ಗಣಕದ ಮುಖ್ಯಫಲಕದಲ್ಲಿ ಗಡಿಯಾರಕ್ಕೆಂದು ಇರುವ ಗುಂಡಿಯಾಕಾರದ ಬ್ಯಾಟರಿ ಸತ್ತರೆ ದಿನಾಂಕವು ಹಲವು ವರ್ಷ ಹಿಂದಕ್ಕೆ ಹೋಗುತ್ತದೆ. ಆಗ ನಿಸ್ತಂತು ಸಂಪರ್ಕ ಸರಿಯಾಗಿದ್ದರೂ ಜಾಲತಾಣಗಳ ಸುರಕ್ಷತಾ ಪ್ರಮಾಣಪತ್ರಗಳು ಇನ್ನೂ ಜಾರಿಗೆ ಬಂದಿಲ್ಲವೆಂದು ಗಣಕವು ತಿಳಿದು ಅವುಗಳನ್ನು ತಿರಸ್ಕರಿಸುತ್ತದೆ.

ಸಂಪರ್ಕದ ನಂತರದ ಪ್ರಶ್ನೆ

ಹಳೆಯ ಗಣಕವು ಜಾಲವನ್ನು ಸೇರಿದ ಮೇಲೆ ಏನು ಎಂಬುದೇ ನಿಜವಾದ ಪ್ರಶ್ನೆ. ವಿಂಡೋಸ್ 98ರ ಬೆಂಬಲ 2006ರ ಜುಲೈ 11ರಂದು, ಎಕ್ಸ್‌ಪಿಯದು 2014ರ ಏಪ್ರಿಲ್ 8ರಂದು, ವಿಂಡೋಸ್ 7ರದು 2020ರ ಜನವರಿ 14ರಂದು, ವಿಂಡೋಸ್ 10ರದು 2025ರ ಅಕ್ಟೋಬರ್ 14ರಂದು ಕೊನೆಗೊಂಡವು. 2020ರ ವೇಳೆಗೆ ಪ್ರಮುಖ ಬ್ರೌಸರುಗಳು ಟಿಎಲ್‌ಎಸ್‌ನ ಹಳೆಯ ಆವೃತ್ತಿಗಳನ್ನು ಕೈಬಿಟ್ಟವು. ಎಕ್ಸ್‌ಪಿಯ ಮೂಲ ಬ್ರೌಸರಿಗೆ ಹೊಸ ಆವೃತ್ತಿ ತಿಳಿಯದ ಕಾರಣ ಬಹುಪಾಲು ಜಾಲತಾಣಗಳು ಅದರಲ್ಲಿ ತೆರೆಯುವುದಿಲ್ಲ. 2017ರ ಮೇ ತಿಂಗಳಲ್ಲಿ ಜಗತ್ತಿನಾದ್ಯಂತ ಹರಡಿದ ವಾನಾಕ್ರೈ ಎಂಬ ಸುಲಿಗೆ ತಂತ್ರಾಂಶವು ಹಳೆಯ ಕಡತ ಹಂಚಿಕೆಯ ವಿಧಾನದಲ್ಲಿದ್ದ ಬಿರುಕಿನಿಂದಲೇ ನುಗ್ಗಿತು. ಬೆಂಬಲ ಮುಗಿದು ಮೂರು ವರ್ಷಗಳಾಗಿದ್ದ ಎಕ್ಸ್‌ಪಿಗೂ ಮೈಕ್ರೋಸಾಫ್ಟ್ ಆಗ ವಿಶೇಷ ಪರಿಹಾರ ಕಂತನ್ನು ಹೊರಡಿಸಬೇಕಾಯಿತು. ಅದೇ ವರ್ಷದ ಕೊನೆಯಿಂದ ವಿಂಡೋಸ್ 10ರಲ್ಲಿ ಆ ಹಂಚಿಕೆಯ ಹಳೆಯ ವಿಧಾನವನ್ನು ಸಹಜವಾಗಿ ಮುಚ್ಚಿಡಲಾಯಿತು. ಹೊಸ ಗಣಕಕ್ಕೆ ಹಳೆಯದರ ಕಡತಗಳು ಕಾಣದಿರಲು ಇದೂ ಒಂದು ಕಾರಣ.

ಈ ಹಿನ್ನೆಲೆಯಲ್ಲಿ ಕಾರವಾರದ ಕಾಳಿ ಸೇತುವೆಯ ಉದಾಹರಣೆಯನ್ನು ನೆನೆಯುವುದು ಅಪ್ರಸ್ತುತವಾಗಲಾರದು. ಗೋವಾ ಮಾರ್ಗದಲ್ಲಿ 1980ರ ದಶಕದಲ್ಲಿ ಕಟ್ಟಿದ ಸೇತುವೆಯ ಪಕ್ಕದಲ್ಲಿ ಹೆದ್ದಾರಿ ವಿಸ್ತರಣೆಯ ಕಾಲಕ್ಕೆ ಹೊಸ ಸೇತುವೆ ಬಂದಿತಾದರೂ ಹಳೆಯದರ ಮೇಲೆ ಒಂದು ದಿಕ್ಕಿನ ಸಂಚಾರ ಮುಂದುವರಿಯಿತು. 2024ರ ಆಗಸ್ಟ್ 7ರ ನಸುಕಿನಲ್ಲಿ ಹಳೆಯ ಸೇತುವೆ ಕುಸಿದು ಲಾರಿಯೊಂದು ನದಿಗೆ ಬಿದ್ದಿತು, ಚಾಲಕನನ್ನು ರಕ್ಷಿಸಲಾಯಿತು. ಹಳೆಯದನ್ನು ಹೊಸದರೊಡನೆ ದುಡಿಸಬಹುದು. ಆದರೆ ಅದು ಎಷ್ಟು ಭಾರ ತಾಳೀತೆಂಬುದನ್ನು ಆಗಾಗ ಅಳೆಯುತ್ತಿರಬೇಕು. ಗಣಕದ ವಿಷಯದಲ್ಲಿಯೂ ಇದೇ ಮಾತು ಅನ್ವಯಿಸುತ್ತದೆ.

ಹಳೆಯ ಗಣಕವನ್ನು ಅಂತರಜಾಲದ ಬಯಲಿಗೆ ತಂದು ನಿಲ್ಲಿಸುವ ಬದಲು ಕೋಣೆಯೊಳಗಿನ ಸ್ಥಳೀಯ ಜಾಲಕ್ಕೆ ಮಾತ್ರ ಜೋಡಿಸಿ, ಅದರೊಳಗಿನ ಕಡತಗಳನ್ನು ಹೊಸ ಯಂತ್ರಕ್ಕೆ ದಾಟಿಸುವುದು ವಿವೇಕದ ಕ್ರಮ. ಮಧ್ಯವರ್ತಿ ರೂಟರಿನಲ್ಲಿ ಹೊರಗಿನ ಸಂಚಾರವನ್ನು ತಡೆದು ಒಳಗಿನದಕ್ಕೆ ಮಾತ್ರ ಅವಕಾಶ ಕೊಡಬಹುದು. ಗಣಕವು ಚಾಲನೆಯಾಗದ ಸ್ಥಿತಿಯಲ್ಲಿದ್ದರೆ ಹಾರ್ಡ್ ಡಿಸ್ಕನ್ನು ಹೊರತೆಗೆದು ಯುಎಸ್‌ಬಿ ಜೋಡಕದ ಮೂಲಕ ಓದುವ ದಾರಿಯೂ ಇದೆ. ಆಗ ನಿಸ್ತಂತುವಿನ ಅಗತ್ಯವೇ ಬೀಳದು.

ಕಡತ ದಾಟಿದ ಮೇಲೂ ಲಿಪಿಯ ಪ್ರಶ್ನೆ ಉಳಿಯುತ್ತದೆ. ಹಳೆಯ ನುಡಿ ಕಡತವನ್ನು ಯೂನಿಕೋಡ್‌ಗೆ ಪರಿವರ್ತಿಸುವಾಗ ಅಕ್ಷರದಿಂದ ಅಕ್ಷರಕ್ಕೆ ಸಂಕೇತ ಬದಲಿಸಿದರೆ ಸಾಲದು. ‘ಸರ್ಕಾರ’, ‘ಕಾರ್ಯ’ ಮುಂತಾದ ಪದಗಳ ಅರ್ಕಾವತ್ತನ್ನು ಹಳೆಯ ವಿಧಾನದಲ್ಲಿ ಕಣ್ಣಿಗೆ ಕಾಣುವ ಕ್ರಮದಲ್ಲಿ, ಅಂದರೆ ಮುಖ್ಯ ಅಕ್ಷರದ ನಂತರ ಇಡಲಾಗಿದೆ. ಯೂನಿಕೋಡಿನಲ್ಲಿ ಉಚ್ಚಾರಣೆಯ ಕ್ರಮ ಅನುಸರಿಸಿ ರಕಾರವು ಮುಂಚೆ ಬರಬೇಕು. ಪರಿವರ್ತಕ ತಂತ್ರಾಂಶವು ಈ ಸ್ಥಾನಪಲ್ಲಟವನ್ನು ತಪ್ಪಿದರೆ ವ್ಯಕ್ತಿನಾಮ, ಸ್ಥಳನಾಮಗಳೇ ಕೆಡುತ್ತವೆ. ಭೂದಾಖಲೆಯಲ್ಲಿ ಒಂದು ಹೆಸರಿನ ಅಕ್ಷರ ಕೆಟ್ಟರೆ ಅದರ ಪರಿಣಾಮ ಏನೆಂಬುದನ್ನು ತಾಲೂಕು ಕಚೇರಿಯ ಮೆಟ್ಟಿಲು ಹತ್ತಿದವರು ಬಲ್ಲರು. ಗ್ರಂಥಾಲಯಗಳ ದೃಷ್ಟಿಯಿಂದಲೂ ಇದು ಮುಖ್ಯ. ಸೂಚಿಯಲ್ಲಿ ತಪ್ಪಾಗಿ ಪರಿವರ್ತಿತವಾದ ಗ್ರಂಥಕರ್ತನ ಹೆಸರು ಹುಡುಕಿದವರಿಗೆ ಸಿಗುವುದಿಲ್ಲ. ಪುಸ್ತಕ ಕಪಾಟಿನಲ್ಲಿದ್ದೂ ಇಲ್ಲದಂತೆಯೇ.

ಉಪಸಂಹಾರ

ಒಟ್ಟಿನಲ್ಲಿ, ಹಳೆಯ ಕಾರ್ಯಾಚರಣ ವ್ಯವಸ್ಥೆಗೆ ಹೊಸ ನಿಸ್ತಂತು ಅಡಾಪ್ಟರನ್ನು ಹೊಂದಿಸುವ ಪ್ರಯತ್ನಗಳಿಂದ ಮೂರು ಸಂಗತಿಗಳು ವ್ಯಕ್ತವಾಗುತ್ತವೆ. ತರಂಗಗಳ ಮೇಲಿನ ಪರವಾನಗಿ ವ್ಯವಸ್ಥೆ ಸಡಿಲಗೊಂಡದ್ದು ತಡವಾಗಿ. ಆದ್ದರಿಂದ ನಮ್ಮ ಪಟ್ಟಣಗಳಲ್ಲಿ ಹಳೆಯ ಗಣಕ ಮತ್ತು ಹೊಸ ನಿಸ್ತಂತು ಮುಖಾಮುಖಿಯಾದದ್ದು ಅನಿವಾರ್ಯವಾಗಿತ್ತು. ಕನ್ನಡವು ಗಣಕವನ್ನು ಪ್ರವೇಶಿಸಿದ ಕಾಲ ಮತ್ತು ಕ್ರಮಗಳು ಹಳೆಯ ಯಂತ್ರಗಳನ್ನು ಉಳಿಸಿಕೊಳ್ಳುವ ಅಗತ್ಯವನ್ನು ಸೃಷ್ಟಿಸಿದವು. ಹೊಂದಾಣಿಕೆಯ ಮಾರ್ಗಗಳಲ್ಲಿ ಬಾಳಿಕೆ ಬಂದದ್ದು ಹಳೆಯದನ್ನು ಹೊಸದಾಗಿಸಲು ಹೋಗದೆ ನಡುವೆ ಸೇತುವೆಯೊಂದನ್ನು ನಿಲ್ಲಿಸಿದ ಮಾರ್ಗ.

ತಾಳೆಗರಿಯ ಕಟ್ಟುಗಳನ್ನೂ ಮೋಡಿ ಲಿಪಿಯ ದಫ್ತರಗಳನ್ನೂ ಕಾಪಾಡುವ ಹೊಣೆಯನ್ನು ಕರ್ನಾಟಕದ ವಿದ್ವತ್ ಸಂಸ್ಥೆಗಳು ಹೊತ್ತಿವೆ. ಕಳೆದ ಶತಮಾನದ ಕೊನೆಯ ದಶಕ ಮತ್ತು ಈ ಶತಮಾನದ ಮೊದಲ ದಶಕದಲ್ಲಿ ಗಣಕದಲ್ಲಿ ರಚಿತವಾದ ಕನ್ನಡದ ಬರಹಗಳೂ ಅದೇ ಹೊಣೆಯ ಭಾಗವಾಗಬೇಕು. ತಾಳೆಗರಿಯು ಮುನ್ನೂರು ವರ್ಷ ಬಾಳುತ್ತದೆ. ಕರಾವಳಿಯ ಉಪ್ಪುಗಾಳಿಯಲ್ಲಿರುವ ಹಾರ್ಡ್ ಡಿಸ್ಕಿಗೆ ಅಷ್ಟು ವ್ಯವಧಾನವಿಲ್ಲ. ಆ ಯಂತ್ರಗಳು ಇನ್ನೂ ಚಾಲನೆಯಾಗುತ್ತಿರುವಾಗಲೇ, ತಂತಿಯಿಂದಾಗಲಿ ತರಂಗದಿಂದಾಗಲಿ, ಅವುಗಳೊಳಗಿನದನ್ನು ಹೊರತರುವ ಕಾರ್ಯ ಜಿಲ್ಲಾ ಮಟ್ಟದಲ್ಲಿ ಆರಂಭವಾಗಬೇಕಾದುದು ಅಗತ್ಯ.